ಬೆಂಚಿನಿಂದ ಎದ್ದು ಬಂದ ಜಿಯಾನ್‌ಫ್ರಿಡೊ

1947ರ ಮೇ ತಿಂಗಳ ಆರಂಭದಲ್ಲಿ ಅಮೆರಿಕದ ಎರಡು ಬೇಸ್‌ಬಾಲ್ ತಂಡಗಳ ನಡುವೆ ಒಂದು ವ್ಯವಹಾರ ಕುದುರಿತು. ಬ್ರೂಕ್ಲಿನ್ ಡಾಡ್ಜರ್ಸ್ ತನ್ನ ಐವರು ಆಟಗಾರರನ್ನು ಪಿಟ್ಸ್‌ಬರ್ಗ್ ಪೈರೇಟ್ಸ್‌ಗೆ ಬಿಟ್ಟುಕೊಟ್ಟಿತು. ಬದಲಿಗೆ ಅದಕ್ಕೆ ಸಿಕ್ಕಿದ್ದು ಸುಮಾರು ಒಂದು ಲಕ್ಷ ಡಾಲರ್ ಹಣ, ಜೊತೆಗೆ ಒಬ್ಬನೇ ಒಬ್ಬ ಆಟಗಾರ. ಹಣದ ಚೀಲ ಹೊತ್ತು ತರಲು ಒಬ್ಬ ಬೇಕಿತ್ತು, ಅದಕ್ಕೇ ಇವನನ್ನೂ ಕಳಿಸಿದ್ದಾರೆ ಎಂದು ಆಗಿನ ಕ್ರೀಡಾ ವರದಿಗಾರರು ನಕ್ಕರು. ಹಾಗೆ ನಗೆಪಾಟಲಾಗಿ ಬ್ರೂಕ್ಲಿನ್‌ಗೆ ಬಂದವರು ಆಲ್ ಜಿಯಾನ್‌ಫ್ರಿಡೊ. ಐದೂವರೆ ಅಡಿ ಎತ್ತರ, 25 ವರ್ಷ ವಯಸ್ಸು, ಪೆನ್ಸಿಲ್ವೇನಿಯಾದ ಕಲ್ಲಿದ್ದಲು ಗಣಿ ಸೀಮೆಯ ಡೈಸಾರ್ಟ್ ಎಂಬ ಊರಿನವರು.

ಐದು ತಿಂಗಳ ನಂತರ, ಅಕ್ಟೋಬರ್ ಮೊದಲ ವಾರದಲ್ಲಿ, ಇದೇ ಮನುಷ್ಯ ಎರಡು ದಿನಗಳ ಅಂತರದಲ್ಲಿ ಎರಡು ಪಂದ್ಯಗಳ ದಿಕ್ಕು ಬದಲಿಸಿದರು. ಆಮೇಲೆ ಅಮೆರಿಕದ ಅತ್ಯುನ್ನತ ಮಟ್ಟದ ಬೇಸ್‌ಬಾಲ್ ಆದ ಮೇಜರ್ ಲೀಗ್‌ನಲ್ಲಿ ಅವರಿಗೆ ಒಂದೇ ಒಂದು ಪಂದ್ಯ ಆಡಲು ಸಿಗಲಿಲ್ಲ.

ಬೇಸ್‌ಬಾಲ್ ತಂಡದಲ್ಲಿ ಮೈದಾನಕ್ಕಿಳಿಯುವವರು ಒಂಬತ್ತು ಜನ. ಅವರಲ್ಲಿ ಎಡ, ನಡು, ಬಲ ಎಂದು ಮೈದಾನದ ಅಂಚು ಕಾಯುವ ಮೂವರು ಔಟ್‌ಫೀಲ್ಡರ್‌ಗಳು. ಇವರಿಗೆ ಬದಲಿಯಾಗಿ ಬೆಂಚಿನಲ್ಲಿ ಕೂರುವವನೇ ಮೀಸಲು ಔಟ್‌ಫೀಲ್ಡರ್. ಕ್ರಿಕೆಟ್‌ನ ಹನ್ನೆರಡನೇ ಆಟಗಾರನನ್ನು ನೋಡಿ ಬೆಳೆದ ನಮಗೆ ಇದರ ಗಂಭೀರತೆ ತಟ್ಟನೆ ಹೊಳೆಯುವುದಿಲ್ಲ. ನಮ್ಮ ಹನ್ನೆರಡನೆಯವನು ಫೀಲ್ಡಿಂಗ್ ಮಾಡಿ ಹಿಂದಿರುಗುತ್ತಾನೆ, ಮೂಲ ಆಟಗಾರ ಮತ್ತೆ ಬರುತ್ತಾನೆ. ಬೇಸ್‌ಬಾಲ್‌ನಲ್ಲಿ ಹಾಗಲ್ಲ. ಒಮ್ಮೆ ಹೊರಬಂದವನು ಆ ಪಂದ್ಯಕ್ಕೆ ಮರಳುವಂತಿಲ್ಲ. ಒಳಗೆ ಹೋದವನು ಹೊಡೆಯಲೂಬೇಕು, ಓಡಲೂಬೇಕು, ಹಿಡಿಯಲೂಬೇಕು. ಆದ್ದರಿಂದ ವ್ಯವಸ್ಥಾಪಕ ಮೀಸಲು ಆಟಗಾರನನ್ನು ಕರೆಯುವುದು ಎಲ್ಲ ಲೆಕ್ಕ ಹಾಕಿದ ಮೇಲೆ, ಸಾಮಾನ್ಯವಾಗಿ ಪಂದ್ಯ ಬಿಗಿಯಾದಾಗ. ಎರಡು ಗಂಟೆ ಸುಮ್ಮನೆ ಕೂತ ಕಾಲುಗಳು ಎದ್ದ ಕ್ಷಣದಲ್ಲೇ ಪೂರ್ಣ ವೇಗಕ್ಕೆ ಬರಬೇಕು. ದಿನವೂ ಆಡುವವನಿಗೆ ಇಂದಿನ ತಪ್ಪನ್ನು ನಾಳೆ ತಿದ್ದಿಕೊಳ್ಳುವ ಅವಕಾಶವಿದೆ. ಇವನಿಗೆ ಆ ನಾಳೆ ಯಾವಾಗ ಬರುತ್ತದೆಂದು ಯಾರೂ ಹೇಳಲಾರರು. ಇಡೀ ಆಟದಲ್ಲಿ ಇದಕ್ಕಿಂತ ಕಠಿಣವಾದ ಕೆಲಸ ಇನ್ನೊಂದಿಲ್ಲ ಎಂದೇ ನನ್ನ ನಂಬಿಕೆ.

ಜಿಯಾನ್‌ಫ್ರಿಡೊ ಬ್ರೂಕ್ಲಿನ್‌ಗೆ ಬಂದ ವರ್ಷವೂ ಸಾಮಾನ್ಯದ್ದಲ್ಲ. ಏಪ್ರಿಲ್ 15ರಂದು ಜಾಕಿ ರಾಬಿನ್ಸನ್ ಅದೇ ತಂಡದ ಪರ ಕಣಕ್ಕಿಳಿದು, ಆಧುನಿಕ ಮೇಜರ್ ಲೀಗ್‌ನ ವರ್ಣಭೇದದ ಗೋಡೆ ಒಡೆದಿದ್ದರು. ತಂಡದ ವ್ಯವಸ್ಥಾಪಕ ಲಿಯೊ ಡ್ಯುರೋಷರ್ ಇಡೀ ಋತುವಿಗೆ ಅಮಾನತಾಗಿದ್ದರಿಂದ, ಸಮವಸ್ತ್ರ ತೊಡದೆ ಸಾದಾ ಉಡುಪಿನಲ್ಲೇ ಬೆಂಚಿನಲ್ಲಿ ಕೂರುವ ಬರ್ಟ್ ಶಾಟನ್ ತಂಡ ನಡೆಸುತ್ತಿದ್ದರು. ಇಷ್ಟೆಲ್ಲ ಗದ್ದಲದ ನಡುವೆ ಹೊಸ ಮೀಸಲು ಆಟಗಾರನ ಕಡೆ ತಿರುಗಿ ನೋಡಲು ಯಾರಿಗೂ ಪುರುಸೊತ್ತಿರಲಿಲ್ಲ. ಆ ಋತುವಿನಲ್ಲಿ ಬ್ರೂಕ್ಲಿನ್ ಪರ ಅವರ ಬ್ಯಾಟಿನಿಂದ ಹೇಳಿಕೊಳ್ಳುವಂಥದ್ದೇನೂ ಬರಲೂ ಇಲ್ಲ. ಆದರೂ ಡಾಡ್ಜರ್ಸ್ ನ್ಯಾಷನಲ್ ಲೀಗ್ ಗೆದ್ದು, ಋತುವಿನ ಅಂತಿಮ ಹಣಾಹಣಿಯಾದ ವಿಶ್ವ ಸರಣಿಗೆ ಹೋದಾಗ ಅವರೂ ತಂಡದಲ್ಲಿದ್ದರು. ಎದುರಾಳಿ ನ್ಯೂಯಾರ್ಕ್ ಯಾಂಕೀಸ್.

ಅಕ್ಟೋಬರ್ 3, ನಾಲ್ಕನೇ ಪಂದ್ಯ, ಬ್ರೂಕ್ಲಿನ್‌ನ ಎಬೆಟ್ಸ್ ಫೀಲ್ಡ್. ಯಾಂಕೀಸ್‌ನ ಪಿಚರ್ ಬಿಲ್ ಬೆವೆನ್ಸ್ ಒಂಬತ್ತನೇ ಇನಿಂಗ್ಸ್‌ವರೆಗೂ ಬ್ಯಾಟರನ್ನು ಬೇಸ್ ಮುಟ್ಟಿಸುವ ಹೊಡೆತ, ಅಂದರೆ ಹಿಟ್, ಒಂದನ್ನೂ ಬಿಟ್ಟುಕೊಟ್ಟಿರಲಿಲ್ಲ. ವಿಶ್ವ ಸರಣಿಯಲ್ಲಿ ಅಂಥದ್ದನ್ನು ಅಲ್ಲಿಯವರೆಗೆ ಯಾರೂ ಸಾಧಿಸಿರಲಿಲ್ಲ. ಆದರೆ ಅವರ ಎಸೆತ ಗುರಿ ತಪ್ಪುತ್ತಲೂ ಇತ್ತು, ಗುರಿ ತಪ್ಪಿದ ನಾಲ್ಕು ಎಸೆತಗಳಿಗೆ ಬ್ಯಾಟರ್‌ಗೆ ಮೊದಲ ಬೇಸ್ ದಕ್ಕಿಸುವ ಪುಕ್ಕಟೆ ನಡಿಗೆಗಳು ಸಾಲುಸಾಲಾಗಿ ಹೋಗುತ್ತಿದ್ದವು. ಯಾಂಕೀಸ್ 2–1ರಿಂದ ಮುಂದಿತ್ತು. ಬ್ರೂಕ್ಲಿನ್‌ನ ಕಾರ್ಲ್ ಫುರಿಲೊ ನಡಿಗೆಯಲ್ಲಿ ಮೊದಲ ಬೇಸ್ ಸೇರಿದರು. ಅವರ ಬದಲು ಓಡಲು ಶಾಟನ್ ಕಳಿಸಿದ್ದು ಜಿಯಾನ್‌ಫ್ರಿಡೊ ಅವರನ್ನು. ಅಷ್ಟರಲ್ಲಿ ಎರಡು ಔಟ್ ಆಗಿದ್ದವು. ಇನ್ನೊಂದು ಹೋದರೆ ಪಂದ್ಯ ಮುಗಿಯಿತು, ಬೆವೆನ್ಸ್ ಹೆಸರು ಇತಿಹಾಸ ಸೇರಿತು. ಬ್ಯಾಟರ್ ಹೊಡೆಯುವುದನ್ನು ಕಾಯದೆ ಓಡಿ ಎರಡನೇ ಬೇಸ್ ಕದಿಯುವಂತೆ ಬೆಂಚಿನಿಂದ ಸನ್ನೆ ಬಂತು. ಅಲ್ಲಿ ಸಿಕ್ಕಿಬಿದ್ದಿದ್ದರೆ ಬದುಕಿಡೀ ಅದೇ ಅಪವಾದ ಹೊರಬೇಕಿತ್ತು. ಅವರು ಓಡಿದರು, ತಲೆ ಮುಂದಾಗಿ ಜಾರಿದರು. ಕ್ಯಾಚರ್ ಯೋಗಿ ಬೆರಾ ಎಸೆದ ಚೆಂಡು ಮೇಲಾಯಿತು, ಬೇಸ್ ದಕ್ಕಿತು.

ಆ ಒಂದು ಕದ್ದ ಬೇಸಿನಿಂದ ಮುಂದಿನದೆಲ್ಲ ಬದಲಾಯಿತು. ಪಾದದ ಗಂಟಿನ ನೋವಿನಲ್ಲೇ ಬ್ಯಾಟ್ ಹಿಡಿದು ನಿಂತಿದ್ದ ಪೀಟ್ ರೀಸರ್ ಅವರನ್ನು ಯಾಂಕೀಸ್ ಬೇಕೆಂದೇ ಪುಕ್ಕಟೆಯಾಗಿ ಮೊದಲ ಬೇಸ್‌ಗೆ ನಡೆಸಿತು. ಅವರ ಬದಲು ಓಡಲು ಎಡ್ಡಿ ಮಿಕ್ಸಿಸ್ ಬಂದರು. ನಂತರ ಬದಲಿ ಬ್ಯಾಟರ್ ಕುಕಿ ಲಾವಜೆಟೊ ಹೊಡೆದ ಚೆಂಡು ಬಲಗಡೆಯ ಗೋಡೆಗೆ ಬಡಿಯಿತು. ಸಮಬಲದ ರನ್ ಜಿಯಾನ್‌ಫ್ರಿಡೊ ಅವರದು, ಗೆಲುವಿನ ರನ್ ಮಿಕ್ಸಿಸ್ ಅವರದು. ಬ್ರೂಕ್ಲಿನ್ ಇಡೀ ಪಂದ್ಯದಲ್ಲಿ ಹೊಡೆದ ಒಂದೇ ಹಿಟ್‌ನಿಂದ 3–2ರಲ್ಲಿ ಗೆದ್ದಿತು. ಆ ಹೊತ್ತು ಬೇಸ್‌ಗಳ ಮೇಲಿದ್ದವರು, ಹೊಡೆದವರು, ಎಲ್ಲರೂ ಬೆಂಚಿನಿಂದ ಎದ್ದು ಬಂದವರೇ.

ಎರಡು ದಿನ ಬಿಟ್ಟು ಆರನೇ ಪಂದ್ಯ, ಯಾಂಕೀ ಸ್ಟೇಡಿಯಂ. 74,065 ಪ್ರೇಕ್ಷಕರು. ಸರಣಿಯಲ್ಲಿ ಯಾಂಕೀಸ್ 3–2ರಿಂದ ಮುಂದಿತ್ತು, ಈ ಪಂದ್ಯ ಸೋತರೆ ಬ್ರೂಕ್ಲಿನ್ ಕತೆ ಮುಗಿಯಿತು. ಆರನೇ ಇನಿಂಗ್ಸ್‌ನಲ್ಲಿ ಬ್ರೂಕ್ಲಿನ್ 8–5ರ ಮುನ್ನಡೆ ಪಡೆದಾಗ ಶಾಟನ್ ಎಡ ಔಟ್‌ಫೀಲ್ಡ್ ಭದ್ರಪಡಿಸಲು ಜಿಯಾನ್‌ಫ್ರಿಡೊ ಅವರನ್ನು ಇಳಿಸಿದರು. ಅವರು ಬಂದು ನಿಂತ ಅದೇ ಇನಿಂಗ್ಸ್‌ನಲ್ಲಿ ಯಾಂಕೀಸ್‌ನ ಇಬ್ಬರು ಬೇಸ್ ಮೇಲಿದ್ದರು, ಎರಡು ಔಟ್ ಆಗಿದ್ದವು, ಬ್ಯಾಟ್ ಹಿಡಿದು ಬಂದವರು ಅವರ ದೊಡ್ಡ ತಾರೆ ಜೋ ಡಿಮ್ಯಾಜಿಯೊ.

ಚೆಂಡು ಎಡ ಮತ್ತು ನಡು ಔಟ್‌ಫೀಲ್ಡ್‌ಗಳ ನಡುವಿನ ಆಳಕ್ಕೆ ಹಾರಿತು. ಆ ಕ್ರೀಡಾಂಗಣದಲ್ಲಿ ಬಲಗೈ ಬ್ಯಾಟರ್‌ಗಳ ಹೊಡೆತಗಳು ಸಾಯುವ ಜಾಗ ಅದು, ಅದಕ್ಕೆ ಸಾವಿನ ಕಣಿವೆ ಎಂಬ ಹೆಸರೇ ಇತ್ತು. ಬೇಲಿಯ ಮೇಲೆ 415 ಅಡಿ ಎಂದು ಬರೆದಿತ್ತು. ಜಿಯಾನ್‌ಫ್ರಿಡೊ ಚೆಂಡಿಗೆ ಬೆನ್ನು ತಿರುಗಿಸಿ ಓಡತೊಡಗಿದರು. ನಡುವೆ ಕತ್ತು ಹೊರಳಿಸಿ ನೋಡಿದರು, ಮತ್ತೆ ಓಡಿದರು. ಅವರು ಎಡಗೈ ಎಸೆತಗಾರ, ಗ್ಲೌಸು ಬಲಗೈಯಲ್ಲಿ. ಮೀಸಲು ಪಿಚರ್‌ಗಳು ಸಜ್ಜಾಗುವ ಬುಲ್‌ಪೆನ್ನಿನ ತಗ್ಗು ಬೇಲಿಯ ಬಳಿ ಮೈ ತಿರುಚಿ ಆ ಬಲಗೈಯನ್ನು ಚಾಚಿದಾಗ ಚೆಂಡು ಬಂದು ಕೂತಿತು. ತಲೆಯ ಮೇಲಿದ್ದ ಟೋಪಿ ಹಾರಿಬಿದ್ದಿತ್ತು.

ಅಷ್ಟು ಹೊತ್ತಿಗೆ ಎರಡನೇ ಬೇಸ್ ಸಮೀಪಿಸಿದ್ದ ಡಿಮ್ಯಾಜಿಯೊ ಓಟ ನಿಲ್ಲಿಸಿ ನೆಲದ ಮಣ್ಣನ್ನು ಒದ್ದರು. ಗೆದ್ದರೂ ಸೋತರೂ ಮುಖದಲ್ಲಿ ಏನೂ ತೋರಿಸದವರೆಂದು ಹೆಸರಾದ ಆಟಗಾರ ಸಾರ್ವಜನಿಕವಾಗಿ ಸಿಟ್ಟು ತೋರಿದ್ದು ಅದೊಂದೇ ಸಲ ಎಂದು ಅವರ ಅಭಿಮಾನಿಗಳು ಹೇಳುತ್ತಾರೆ. ಆ ಹೊಡೆತ ಬೇಲಿ ದಾಟುತ್ತಿತ್ತೇ, ಅಥವಾ ಬೇಲಿಗೆ ಬಡಿಯುತ್ತಿತ್ತೇ ಎಂಬ ವಾದ ಇವತ್ತಿಗೂ ಮುಗಿದಿಲ್ಲ. ದಾಟಿದ್ದರೆ ಪಂದ್ಯ 8–8. ಬಡಿದಿದ್ದರೂ ಇಬ್ಬರು ರನ್ ಗಳಿಸುತ್ತಿದ್ದರು. ಬ್ರೂಕ್ಲಿನ್ 8–6ರಲ್ಲಿ ಗೆದ್ದು ಸರಣಿಯನ್ನು ಏಳನೇ ಪಂದ್ಯಕ್ಕೆ ಎಳೆಯಿತು. ಮರುದಿನ ಯಾಂಕೀಸ್ 5–2ರಲ್ಲಿ ಗೆದ್ದು ಸರಣಿಯನ್ನು ತನ್ನದಾಗಿಸಿಕೊಂಡಿತು.

ವಿಶ್ವ ಸರಣಿಯಲ್ಲಿ ಜಿಯಾನ್‌ಫ್ರಿಡೊ ಅವರಿಗೆ ಒಂದೂ ಹಿಟ್ ಸಿಗಲಿಲ್ಲ. ಅಂಕಿಅಂಶದ ಪುಸ್ತಕ ತೆರೆದರೆ ಅವರ ಹೆಸರಿನ ಮುಂದೆ ಸೊನ್ನೆ ಕಾಣುತ್ತದೆ. ಮೀಸಲು ಆಟಗಾರರನ್ನು ಅಳೆಯಲು ಈ ಪುಸ್ತಕಗಳು ಎಷ್ಟು ಅಸಮರ್ಥವೆಂಬುದಕ್ಕೆ ಬೇರೆ ಸಾಕ್ಷಿ ಬೇಡ.

1948ರ ಋತುವಿಗೆ ಬ್ರೂಕ್ಲಿನ್ ಅವರನ್ನು ತನ್ನ ಅಧೀನ ತಂಡವಾದ ಮಾಂಟ್ರಿಯಲ್ ರಾಯಲ್ಸ್‌ಗೆ ಕಳಿಸಿತು. ಕ್ಲಬ್ಬಿನ ಕೈಯಲ್ಲಿ ಫುರಿಲೊ ಇದ್ದರು, ಡ್ಯೂಕ್ ಸ್ನೈಡರ್ ಎಂಬ ಹುಡುಗ ಮೇಲೇರುತ್ತಿದ್ದ. ಕ್ಲಬ್ಬಿನ ಲೆಕ್ಕ ಕ್ಲಬ್ಬಿಗೆ ಸರಿ. ಆದರೆ ಆಗಿನ ಕರಾರುಗಳ ಪ್ರಕಾರ ಆಟಗಾರ ತಾನಾಗಿ ಬೇರೆ ತಂಡ ಸೇರುವಂತಿರಲಿಲ್ಲ. ಇಟ್ಟುಕೊಂಡ ಕಡೆ ಇರಬೇಕು, ಕಳಿಸಿದ ಕಡೆ ಹೋಗಬೇಕು. ಅವರು ಮೈನರ್ ಲೀಗ್‌ಗಳಲ್ಲಿ ವರ್ಷಗಟ್ಟಲೆ ಆಡಿದರು, ಮೇಲಿನಿಂದ ಕರೆ ಬರಲಿಲ್ಲ. ಆಟಗಾರರಾಗಿ ಬೆವೆನ್ಸ್ ಮತ್ತು ಲಾವಜೆಟೊ ಅವರಿಗೂ ಆ ಸರಣಿಯೇ ಮೇಜರ್ ಲೀಗ್‌ನ ಕೊನೆಯಾಯಿತು.

ಇಲ್ಲಿಂದ ಮುಂದಿನದು ಮೈದಾನದ ಹೊರಗಿನ ಕತೆ, ನನ್ನನ್ನು ಹೆಚ್ಚು ಕಾಡುವುದೂ ಅದೇ. ಆಟಗಾರರಿಗೆ ಪಿಂಚಣಿ ಯೋಜನೆ ಶುರುವಾದದ್ದು ಇದೇ 1947ರಲ್ಲಿ. ವಿಶ್ವ ಸರಣಿಯ ಪ್ರಸಾರ ಹಕ್ಕಿನ ಹಣ ಆ ನಿಧಿಯ ಮುಖ್ಯ ಮೂಲಗಳಲ್ಲೊಂದು. ಟೆಲಿವಿಷನ್‌ನಲ್ಲಿ ಮೊದಲ ಬಾರಿಗೆ ಪ್ರಸಾರವಾದ ವಿಶ್ವ ಸರಣಿಯೂ 1947ರದೇ. ಪಿಂಚಣಿಗೆ ಐದು ವರ್ಷಗಳ ಸೇವೆ ಬೇಕಿತ್ತು. ಜಿಯಾನ್‌ಫ್ರಿಡೊ ಮೇಜರ್ ಲೀಗ್‌ನಲ್ಲಿದ್ದದ್ದು 1944ರಿಂದ 1947ರವರೆಗೆ. ಜನ ರೇಡಿಯೊ ಸುತ್ತ ಮುಗಿಬಿದ್ದು ಕೇಳಿದ ಕ್ಷಣವನ್ನು ಕೊಟ್ಟವರು ಆ ನಿಯಮದ ಮಿತಿಯೊಳಗೆ ಬರಲಿಲ್ಲ.

ನಿಯಮ ನಿಯಮವೇ ಅಲ್ಲವೇ ಎಂದು ಯಾರಾದರೂ ಕೇಳಿದರೆ ಸ್ಯಾಂಡಿ ಅಮೊರೊಸ್ ಅವರ ಹೆಸರು ಹೇಳಬೇಕಾಗುತ್ತದೆ. ಕ್ಯೂಬಾದ ಈ ಆಟಗಾರ 1955ರ ವಿಶ್ವ ಸರಣಿಯ ಏಳನೇ ಪಂದ್ಯದಲ್ಲಿ, ಹೆಚ್ಚುಕಡಿಮೆ ಜಿಯಾನ್‌ಫ್ರಿಡೊ ಅವರಂತೆಯೇ, ಆರನೇ ಇನಿಂಗ್ಸ್‌ನಲ್ಲಿ ಎಡ ಔಟ್‌ಫೀಲ್ಡ್‌ಗೆ ಬದಲಿಯಾಗಿ ಬಂದು ಬೆರಾ ಹೊಡೆತವನ್ನು ಓಡಿ ಹಿಡಿದರು. ಬ್ರೂಕ್ಲಿನ್ ತನ್ನ ಏಕೈಕ ಪ್ರಶಸ್ತಿ ಗೆದ್ದದ್ದು ಆ ದಿನ. ಮುಂದೆ ಕ್ಯೂಬಾದಲ್ಲಿ ಅವರ ಆಸ್ತಿ ಕೈಬಿಟ್ಟಿತು. ಬರಿಗೈಯಲ್ಲಿ ಅಮೆರಿಕಕ್ಕೆ ಬಂದ ಅವರಿಗೆ ಪಿಂಚಣಿಗೆ ಕೆಲವೇ ದಿನ ಕೊರತೆಯಿತ್ತು. ಅಷ್ಟೊತ್ತಿಗೆ ಲಾಸ್ ಏಂಜಲೀಸ್‌ಗೆ ಹೋಗಿದ್ದ ಡಾಡ್ಜರ್ಸ್ 1967ರಲ್ಲಿ ಅವರ ಹೆಸರನ್ನು ತಂಡದ ಪಟ್ಟಿಗೆ ಸೇರಿಸಿ ಆ ದಿನಗಳನ್ನು ತುಂಬಿಕೊಟ್ಟಿತು. ಮನಸ್ಸು ಮಾಡಿದರೆ ದಾರಿ ಇತ್ತು ಎಂಬುದು ಇದರಿಂದ ಸ್ಪಷ್ಟ.

ಜಿಯಾನ್‌ಫ್ರಿಡೊ ಕ್ಯಾಲಿಫೋರ್ನಿಯಾದಲ್ಲಿ ನೆಲೆಸಿದರು. ಗೊಲೀಟಾದಲ್ಲಿ ಹೋಟೆಲ್ ನಡೆಸಿದರು, ಪ್ರೌಢಶಾಲೆಯೊಂದರಲ್ಲಿ ಕ್ರೀಡಾ ಸಾಮಗ್ರಿ ನೋಡಿಕೊಂಡರು. ಇಳಿವಯಸ್ಸಿನಲ್ಲಿ ಇತರ ಮೂವರು ಹಿರಿಯ ಆಟಗಾರರೊಂದಿಗೆ ಮೇಜರ್ ಲೀಗ್ ಬೇಸ್‌ಬಾಲ್ ಸಂಸ್ಥೆಯ ವಿರುದ್ಧ ನ್ಯಾಯಾಲಯದ ಮೆಟ್ಟಿಲೇರಿದರು. ನಮ್ಮ ಹೆಸರು, ಫೋಟೊ, ಅಂಕಿಅಂಶ, ಆಟದ ತುಣುಕುಗಳನ್ನು ವಿಡಿಯೊಗಳಲ್ಲೂ ಜಾಲತಾಣದಲ್ಲೂ ನಮ್ಮ ಒಪ್ಪಿಗೆಯಿಲ್ಲದೆ ಬಳಸುತ್ತಿದ್ದಾರೆ, ನಮಗೂ ಪಾಲು ಕೊಡಿ ಎಂಬುದು ಅವರ ಬೇಡಿಕೆ. 2001ರ ಡಿಸೆಂಬರ್‌ನಲ್ಲಿ ಕ್ಯಾಲಿಫೋರ್ನಿಯಾದ ಮೇಲ್ಮನವಿ ನ್ಯಾಯಾಲಯ ಆಟಗಾರರ ವಿರುದ್ಧ ತೀರ್ಪು ಕೊಟ್ಟಿತು. ಬೇಸ್‌ಬಾಲ್ ಇತಿಹಾಸ ಸಾರ್ವಜನಿಕ ಆಸಕ್ತಿಯ ವಿಷಯ, ಅದನ್ನು ಹೇಳುವ ಸ್ವಾತಂತ್ರ್ಯಕ್ಕೆ ರಕ್ಷಣೆಯಿದೆ ಎಂಬುದು ಅದರ ಸಾರ. ಕಾನೂನಿನ ದೃಷ್ಟಿಯಲ್ಲಿ ಆ ತೀರ್ಪು ಸರಿಯೇ ಇರಬಹುದು. ಇತಿಹಾಸ ಹೇಳಲು ಅನುಮತಿ ಕೇಳಬೇಕಾದರೆ ನಮ್ಮಂಥ ಬರೆಯುವವರೂ ಕಷ್ಟಕ್ಕೆ ಸಿಲುಕುತ್ತೇವೆ. ಆದರೆ ಹಕ್ಕು ಇಲ್ಲ ಎಂದ ಮಾತ್ರಕ್ಕೆ ಋಣವೂ ಇಲ್ಲ ಎಂದಾಗುವುದಿಲ್ಲ. ಆ ಕ್ಯಾಚಿನಿಂದ ದಶಕಗಳ ಕಾಲ ಗಳಿಸಿದ ಸಂಸ್ಥೆ, ಅದನ್ನು ಹಿಡಿದವನಿಗೆ ತಾನಾಗಿಯೇ ಏನಾದರೂ ಕೊಡಬಹುದಿತ್ತು, ಕೊಡಬೇಕಿತ್ತು.

ತೀರ್ಪು ಬಂದು ಒಂದೂಕಾಲು ವರ್ಷದ ನಂತರ, 2003ರ ಮಾರ್ಚ್ 14ರಂದು, ಕ್ಯಾಲಿಫೋರ್ನಿಯಾದ ಸೊಲ್ವಾಂಗ್‌ನಲ್ಲಿ ಗಾಲ್ಫ್ ಆಡುತ್ತಿದ್ದಾಗ ಜಿಯಾನ್‌ಫ್ರಿಡೊ ತೀರಿಕೊಂಡರು. ಅವರಿಗೆ 81 ವರ್ಷ. ಮೇಜರ್ ಲೀಗ್‌ನಲ್ಲಿ ಅವರ ಹೆಸರಿನಲ್ಲಿರುವುದು 228 ಪಂದ್ಯಗಳು, ಎರಡು ಹೋಮ್‌ರನ್.