ಆಂಟಿಯ ಬನ್, ನಮ್ಮ ಒಟಿಜಿಯಲ್ಲಿ

ಪ್ರತಿ ಗುಡ್ ಫ್ರೈಡೇಗೆ ಪಕ್ಕದ ಮನೆ ಆಂಟಿ ನಮಗೂ ಹಾಟ್ ಕ್ರಾಸ್ ಬನ್ ಕೊಡ್ತಿದ್ರು. ಈ ಸಲ ಮಣಿಕಟ್ಟಿನ ನೋವು, ಹಿಟ್ಟು ನಾದೋಕಾಗಲ್ಲ ಅಂದ್ರು. ‘ನಾನೇ ಮಾಡ್ತೀನಿ ಆಂಟಿ’ ಅಂದುಬಿಟ್ಟೆ.

ಮೊದಲ ಟ್ರಯಲ್ ಕಲ್ಲು! ಘಮ ಹೆಚ್ಚಲಿ ಅಂತ ಮೂರು ಚಮಚ ಚಕ್ಕೆಪುಡಿ ಸುರಿದಿದ್ದೆ. ಚಕ್ಕೆ ಜಾಸ್ತಿಯಾದರೆ ಯೀಸ್ಟ್ ಮಂಕಾಗುತ್ತದೆ ಅಂತ ಆಮೇಲೆ ಗೊತ್ತಾಯ್ತು.

ಇಂಗ್ಲೆಂಡಿನ ಬನ್ ಇದು. ಲಂಡನ್ನಿನಲ್ಲಿ 1592ರ ಆದೇಶದ ಪ್ರಕಾರ ಗುಡ್ ಫ್ರೈಡೇ, ಕ್ರಿಸ್‌ಮಸ್ ಮತ್ತು ಶವಸಂಸ್ಕಾರಕ್ಕೆ ಬಿಟ್ಟರೆ ಮಸಾಲೆ ಬನ್ ಮಾರುವಂತಿರಲಿಲ್ಲ.

ಎರಡನೇ ಸಲ ಸರಿಹೋದ ಲೆಕ್ಕ: 500 ಗ್ರಾಂ ಮೈದಾ, 7 ಗ್ರಾಂ ಇನ್‌ಸ್ಟಂಟ್ ಯೀಸ್ಟ್, 75 ಗ್ರಾಂ ಸಕ್ಕರೆ, ಒಂದು ಚಮಚ ಚಕ್ಕೆಪುಡಿ, ಚಿಟಿಕೆ ಜಾಯಿಕಾಯಿ, ಉಪ್ಪು. ಮೊಟ್ಟೆ ಒಂದು, ಉಗುರುಬೆಚ್ಚಗಿನ ಹಾಲು 240 ಎಂಎಲ್ ಸೇರಿಸಿ ಹತ್ತು ನಿಮಿಷ ನಾದಿ. ಕೊನೆಗೆ 50 ಗ್ರಾಂ ಬೆಣ್ಣೆ, ಎರಡು ಹಿಡಿ ಒಣದ್ರಾಕ್ಷಿ. ಟೈಮರ್ ನಂಬಬೇಡಿ, ಹಿಟ್ಟು ದುಪ್ಪಟ್ಟಾಗೋವರೆಗೂ ಕಾಯಿರಿ. 12 ಉಂಡೆ ಮಾಡಿ, ಅವು ಮತ್ತೆ ಉಬ್ಬಿದ ಮೇಲೆ ಮೈದಾ-ನೀರಿನ ಪೇಸ್ಟಿನಲ್ಲಿ ಶಿಲುಬೆ ಎಳೆಯಿರಿ (ತುದಿ ಕತ್ತರಿಸಿದ ಪ್ಲಾಸ್ಟಿಕ್ ಕವರ್ ಸಾಕು). 200 ಡಿಗ್ರಿಯಲ್ಲಿ 20 ನಿಮಿಷ. ಬಿಸಿಯಿದ್ದಾಗಲೇ ಸಕ್ಕರೆ ಪಾಕ ಸವರಿ.

ಆಂಟಿ ಬನ್ ಮುರಿದು ನೋಡಿ, ‘ದ್ರಾಕ್ಷಿ ಕಮ್ಮಿ ಆಯ್ತು ಮಗಾ’ ಅಂದ್ರು. ಎರಡನೇದಕ್ಕೂ ಕೈ ಹಾಕಿದ್ರು.