ಹೊಗೆಗೂ ಒಂದು ಬೆಲೆ: ಸೂರತ್ ಮಾರುಕಟ್ಟೆಯ ಅನುಭವ

ಬೆಂಗಳೂರಿನ ಚಿಕ್ಕಪೇಟೆಯ ಜವಳಿ ವರ್ತಕರಿಗೆ ಸೂರತ್ ನಗರವನ್ನು ಪರಿಚಯಿಸಬೇಕಾದ ಅಗತ್ಯವಿಲ್ಲ. ಕೃತಕ ನೂಲಿನ ಸೀರೆಗಳಿಗೆ ಬಣ್ಣ ಹಾಕಿ ಅಚ್ಚೊತ್ತುವ ಅಲ್ಲಿನ ಸಂಸ್ಕರಣಾ ಘಟಕಗಳಲ್ಲಿ ಹಬೆಗಾಗಿ ಬಾಯ್ಲರುಗಳು ಹಗಲಿರುಳು ಉರಿಯುತ್ತವೆ. ಅವುಗಳ ಇಂಧನ ಹೆಚ್ಚಾಗಿ ಕಲ್ಲಿದ್ದಲು ಮತ್ತು ಲಿಗ್ನೈಟ್. ಪಾಂಡೇಸರಾ, ಸಚಿನ್ ಮುಂತಾದ ಕೈಗಾರಿಕಾ ಪ್ರದೇಶಗಳ ಚಿಮಣಿಗಳಿಂದ ಹೊರಬೀಳುವ ಸೂಕ್ಷ್ಮ ಕಣಗಳು ಸುತ್ತಮುತ್ತ ವಾಸಿಸುವ ಕಾರ್ಮಿಕ ಕುಟುಂಬಗಳ ಶ್ವಾಸಕೋಶವನ್ನು ಸೇರುತ್ತವೆ. ಇಂತಹ ಊರಿನಲ್ಲಿ 2019ರಲ್ಲಿ ಗುಜರಾತ್ ಮಾಲಿನ್ಯ ನಿಯಂತ್ರಣ ಮಂಡಳಿಯು ಹೊಗೆಯ ಕಣಗಳಿಗೆ ಬೆಲೆ ಕಟ್ಟುವ ಮಾರುಕಟ್ಟೆಯೊಂದನ್ನು ತೆರೆಯಿತು. ಕಣರೂಪದ ಮಾಲಿನ್ಯದ ಮಟ್ಟಿಗೆ ಜಗತ್ತಿನಲ್ಲಿಯೇ ಇದು ಮೊದಲನೆಯದು.

ಕಲ್ಪನೆ ಹೊಸದೇನಲ್ಲ. ಮಾಲಿನ್ಯದಿಂದ ಇತರರಿಗಾಗುವ ನಷ್ಟವನ್ನು ತೆರಿಗೆಯ ಮೂಲಕ ಉತ್ಪಾದಕನ ಲೆಕ್ಕಕ್ಕೇ ಸೇರಿಸಬಹುದೆಂಬ ವಿಚಾರ 1920ರಲ್ಲಿ ಪ್ರಕಟವಾದ ಆಂಗ್ಲ ಅರ್ಥಶಾಸ್ತ್ರಜ್ಞ ಪಿಗೂ ಅವರ ಗ್ರಂಥದಲ್ಲಿಯೇ ಇದೆ. ಕೆನಡಾದ ಜಾನ್ ಡೇಲ್ಸ್ 1968ರಲ್ಲಿ ಇನ್ನೊಂದು ಹೆಜ್ಜೆ ಮುಂದಿಟ್ಟು, ಸರ್ಕಾರವು ಮಾಲಿನ್ಯದ ಒಟ್ಟು ಪ್ರಮಾಣವನ್ನು ನಿಗದಿಪಡಿಸಿ ಅದರ ಹಕ್ಕುಪತ್ರಗಳನ್ನು ಕೊಳ್ಳಲು, ಮಾರಲು ಬಿಡಬೇಕೆಂದು ಸೂಚಿಸಿದರು. ಅಮೆರಿಕವು 1990ರ ಕಾಯ್ದೆಯ ತಿದ್ದುಪಡಿಯ ಮೂಲಕ ಆಮ್ಲಮಳೆಗೆ ಕಾರಣವಾದ ಗಂಧಕದ ಡೈಆಕ್ಸೈಡಿಗೆ ಈ ಕ್ರಮವನ್ನು ಅನ್ವಯಿಸಿ, 1995ರಿಂದ ವಿದ್ಯುತ್ ಸ್ಥಾವರಗಳಲ್ಲಿ ಜಾರಿಗೆ ತಂದು ಯಶಸ್ಸು ಕಂಡಿತು. ಆದರೆ ಅಲ್ಲಿದ್ದುದು ಬೃಹತ್ ಸ್ಥಾವರಗಳು ಹಾಗೂ ಬಲವಾದ ನಿಯಂತ್ರಣ ವ್ಯವಸ್ಥೆ. ಸಾಧಾರಣ ಗಾತ್ರದ ನೂರಾರು ಘಟಕಗಳಿರುವ ಭಾರತದ ಊರಿನಲ್ಲಿ ಇದು ನಡೆದೀತೇ ಎಂಬುದು ಪ್ರಶ್ನೆಯಾಗಿತ್ತು.

ನಮ್ಮ ದೇಶದ ಹಳೆಯ ಪದ್ಧತಿಯ ದೌರ್ಬಲ್ಯವನ್ನು ಉದ್ದಿಮೆದಾರರು ಬಲ್ಲರು. ಚಿಮಣಿಯ ಪ್ರತಿ ಘನ ಮೀಟರ್ ಹೊಗೆಯಲ್ಲಿ 150 ಮಿಲಿಗ್ರಾಂ ಮೀರದಷ್ಟು ಕಣಗಳಿರಬೇಕೆಂಬುದು ಸೂರತ್ ಘಟಕಗಳಿಗಿದ್ದ ನಿಯಮ. ಇದನ್ನು 160ಕ್ಕೆ ಮುಟ್ಟಿಸಿದವನೂ 600ಕ್ಕೆ ಮುಟ್ಟಿಸಿದವನೂ ಕಾನೂನಿನ ಕಣ್ಣಿಗೆ ಒಂದೇ ಬಗೆಯ ತಪ್ಪಿತಸ್ಥರು. 80ಕ್ಕೆ ಇಳಿಸಿದವನಿಗೆ ಯಾವ ಪ್ರತಿಫಲವೂ ಇಲ್ಲ. 1981ರ ವಾಯು ಕಾಯ್ದೆಯಲ್ಲಿ ಒಂದೂವರೆ ವರ್ಷದಿಂದ ಆರು ವರ್ಷದವರೆಗೆ ಸೆರೆವಾಸದ ವಿಧಿಯಿತ್ತಾದರೂ (2023ರ ಜನ ವಿಶ್ವಾಸ್ ಕಾಯ್ದೆಯು ಇಂತಹ ಹಲವು ಶಿಕ್ಷೆಗಳನ್ನು ದಂಡವಾಗಿ ಪರಿವರ್ತಿಸಿದೆ) ಅಷ್ಟು ಕಠಿಣವಾದ ಅಸ್ತ್ರವನ್ನು ಸಣ್ಣಪುಟ್ಟ ಉಲ್ಲಂಘನೆಗಳಿಗೆ ಪ್ರಯೋಗಿಸಲು ಅಧಿಕಾರಿಗಳು ಹಿಂಜರಿಯುವುದು ಸಹಜ. ಹೀಗಾಗಿ ಶೋಧಕ ಯಂತ್ರವನ್ನು ಸ್ಥಾಪಿಸುವುದು ಒಂದು ಮಾತಾದರೆ, ವಿದ್ಯುತ್ತಿನ ಖರ್ಚನ್ನು ಹೊತ್ತು ಅದನ್ನು ಪ್ರತಿದಿನ ಸರಿಯಾಗಿ ನಡೆಸುವುದು ಬೇರೆಯೇ ಮಾತಾಗಿತ್ತು.

ಸೂರತ್‌ನಲ್ಲಿ ಕಲ್ಲಿದ್ದಲಿನಂತಹ ಇಂಧನವನ್ನು ಉರಿಸುವ 317 ಘಟಕಗಳನ್ನು ಆರಿಸಿಕೊಂಡು, ಚೀಟಿ ಎತ್ತುವ ರೀತಿಯಲ್ಲಿ ಎರಡು ಗುಂಪು ಮಾಡಲಾಯಿತು. ಒಂದು ಗುಂಪು ಮಾರುಕಟ್ಟೆಗೆ ಸೇರಿತು, ಇನ್ನೊಂದು ಹಳೆಯ ನಿಯಮಗಳಡಿಯಲ್ಲಿಯೇ ಉಳಿಯಿತು. ಎರಡೂ ಗುಂಪುಗಳ ಚಿಮಣಿಗಳಲ್ಲಿ ಕಣಗಳನ್ನು ಎಡೆಬಿಡದೆ ಅಳೆಯುವ ಉಪಕರಣಗಳನ್ನು ಅಳವಡಿಸಲಾಯಿತು. ಮಾರುಕಟ್ಟೆಯ ಘಟಕಗಳೆಲ್ಲ ಸೇರಿ ತಿಂಗಳಿಗೆ 280 ಟನ್ ಕಣಗಳನ್ನು ಮಾತ್ರ ಹೊರಬಿಡಬಹುದೆಂದು ಮೊದಲು ನಿಗದಿಪಡಿಸಿ, ಮುಂದೆ ಅದನ್ನು 170 ಟನ್ನಿಗೆ ಇಳಿಸಲಾಯಿತು. ಒಂದು ಪರವಾನಗಿ ಎಂದರೆ ಒಂದು ಕಿಲೋ. ಇವುಗಳಲ್ಲಿ ಹೆಚ್ಚಿನ ಪಾಲನ್ನು ಘಟಕಗಳಿಗೆ ಉಚಿತವಾಗಿ ಹಂಚಿ, ಉಳಿದುದನ್ನು ಹರಾಜಿಗಿಟ್ಟರು. ಬೆಲೆ ಕಿಲೋವೊಂದಕ್ಕೆ 5 ರೂಪಾಯಿಗಿಂತ ಕೆಳಗಿಳಿಯದಂತೆ, 100 ರೂಪಾಯಿ ಮೀರದಂತೆ ಕಟ್ಟು ಹಾಕಲಾಯಿತು. ಅವಧಿಯ ಕೊನೆಗೆ ಪರವಾನಗಿ ಸಾಲದೆ ಹೋದ ಘಟಕವು ಕಿಲೋಗೆ 200 ರೂಪಾಯಿಯಂತೆ ಪರಿಹಾರ ತೆರಬೇಕಿತ್ತು. ಈ ಹಣವನ್ನು ಘಟಕವು ಮೊದಲೇ ಇಟ್ಟ ಠೇವಣಿಯಿಂದ ಮುರಿದುಕೊಳ್ಳುವುದರಿಂದ ನ್ಯಾಯಾಲಯದ ಅಲೆದಾಟಕ್ಕೆ ಅವಕಾಶವೇ ಉಳಿಯಲಿಲ್ಲ.

ಇದರ ಲೆಕ್ಕಾಚಾರ ವರ್ತಕರಿಗೆ ಸುಲಭವಾಗಿ ಅರ್ಥವಾಗುವಂಥದು. ಒಂದು ಘಟಕಕ್ಕೆ ಕಣಗಳನ್ನು ತಡೆಯಲು ಕಿಲೋಗೆ 8 ರೂಪಾಯಿ ತಗಲುತ್ತದೆ, ಪಕ್ಕದ ಹಳೆಯ ಘಟಕಕ್ಕೆ 40 ರೂಪಾಯಿ ತಗಲುತ್ತದೆ, ಪೇಟೆಯ ಧಾರಣೆ 15 ರೂಪಾಯಿ ಎಂದು ಭಾವಿಸೋಣ. ಮೊದಲನೆಯವನು ತನ್ನ ಅಗತ್ಯಕ್ಕಿಂತ ಸಾವಿರ ಕಿಲೋ ಹೆಚ್ಚಾಗಿ ತಡೆದು, 8,000 ರೂಪಾಯಿ ವ್ಯಯಿಸಿ, 15,000 ರೂಪಾಯಿಗೆ ಪರವಾನಗಿ ಮಾರುತ್ತಾನೆ. ಎರಡನೆಯವನು 40,000ದ ಬದಲು 15,000ದಲ್ಲಿ ಪಾರಾಗುತ್ತಾನೆ. ಗಾಳಿಗೆ ಸೇರುವ ಒಟ್ಟು ಕಣಗಳ ಮಿತಿ ಮಾತ್ರ ಬದಲಾಗುವುದಿಲ್ಲ.

ಈ ಪ್ರಯೋಗದ ಫಲಿತಾಂಶವನ್ನು ಗ್ರೀನ್‌ಸ್ಟೋನ್, ರೋಹಿಣಿ ಪಾಂಡೆ, ನಿಕೋಲಸ್ ರಯಾನ್ ಮತ್ತು ಅನಂತ್ ಸುದರ್ಶನ್ ಅವರು 2025ರಲ್ಲಿ ಪ್ರಕಟಿಸಿದರು. ಮಾರುಕಟ್ಟೆಯ ಘಟಕಗಳ ಕಣಮಾಲಿನ್ಯ ಇನ್ನೊಂದು ಗುಂಪಿನದಕ್ಕಿಂತ ಶೇ. 20ರಿಂದ 30ರಷ್ಟು ಕಡಿಮೆಯಾಗಿತ್ತು. ತಡೆಯುವ ವೆಚ್ಚವೂ ಸುಮಾರು ಶೇ. 11ರಷ್ಟು ಇಳಿದಿತ್ತು. ಘಟಕಗಳು ಶೇ. 99ರಷ್ಟು ಸಂದರ್ಭಗಳಲ್ಲಿ ತಮಗೆ ಬೇಕಾದಷ್ಟು ಪರವಾನಗಿ ಹೊಂದಿದ್ದವು. ನಮ್ಮಲ್ಲಿ ಕಾನೂನು ಪಾಲನೆಯೇ ಸಾಧ್ಯವಿಲ್ಲವೆಂದು ನಿಡುಸುಯ್ಯುವವರಿಗೆ ಈ ಕೊನೆಯ ಅಂಕಿಯೇ ಹೆಚ್ಚು ಗಮನಾರ್ಹವಾಗಬೇಕು.

ಹಾಗೆಂದು ಮಾರುಕಟ್ಟೆಗೆ ಮಾಂತ್ರಿಕ ಶಕ್ತಿಯನ್ನು ಆರೋಪಿಸುವುದು ಸರಿಯಲ್ಲ. ಯಶಸ್ಸಿನ ಬೇರು ಅಳತೆಯ ಪ್ರಾಮಾಣಿಕತೆಯಲ್ಲಿದೆ. ಗುಜರಾತಿನಲ್ಲಿಯೇ ಇದಕ್ಕೆ ಹತ್ತು ವರ್ಷ ಮೊದಲು ನಡೆದ ಇನ್ನೊಂದು ಪ್ರಯೋಗ ಇದನ್ನು ತೋರಿಸಿತ್ತು. ಪರಿಸರ ಲೆಕ್ಕಪರಿಶೋಧಕರನ್ನು ಕಾರ್ಖಾನೆಯೇ ನೇಮಿಸಿ, ಕಾರ್ಖಾನೆಯೇ ಸಂಭಾವನೆ ಕೊಡುತ್ತಿದ್ದಾಗ ಅವರ ವರದಿಗಳು ಮಿತಿಗಿಂತ ತುಸು ಕೆಳಗೇ ಬಂದು ನಿಲ್ಲುತ್ತಿದ್ದವು! ಪರಿಶೋಧಕರನ್ನು ಕಾರ್ಖಾನೆಗಳಿಗೆ ಯಾದೃಚ್ಛಿಕವಾಗಿ ಹಂಚಿ, ಸಾಮಾನ್ಯ ನಿಧಿಯಿಂದ ಹಣ ಕೊಟ್ಟು, ಕೆಲವು ಅಳತೆಗಳನ್ನು ಮರುಪರೀಕ್ಷೆಗೆ ಒಳಪಡಿಸಿದಾಗ ಸುಳ್ಳು ವರದಿ ತೀವ್ರವಾಗಿ ಇಳಿಯಿತು, ಕಾರ್ಖಾನೆಗಳೂ ಮಾಲಿನ್ಯ ತಗ್ಗಿಸಿದವು. 2013ರಲ್ಲಿ ಪ್ರಕಟವಾದ ಆ ಅಧ್ಯಯನದ ಕರ್ತೃಗಳಲ್ಲಿ ಮುಂದೆ ನೊಬೆಲ್ ಪಡೆದ ಎಸ್ತರ್ ಡುಫ್ಲೊ ಒಬ್ಬರು. ಕಾರ್ಖಾನೆಯ ಮಾಲೀಕನಂತೆ ಅಳೆಯುವವನೂ ಲಾಭನಷ್ಟ ನೋಡುವ ಮನುಷ್ಯನೇ ಎಂಬುದನ್ನು ಯೋಜನೆ ರೂಪಿಸುವವರು ಮರೆಯುವುದುಂಟು.

ಇನ್ನೊಂದು ಆಕ್ಷೇಪಕ್ಕೂ ತೂಕವಿದೆ. ಪರವಾನಗಿ ಕೊಳ್ಳುವ ಘಟಕದ ನೆರೆಹೊರೆಯವರು ಮಾರುವ ಘಟಕದ ನೆರೆಹೊರೆಯವರಿಗಿಂತ ಹೆಚ್ಚು ಹೊಗೆ ಕುಡಿಯಬೇಕಾದೀತು. ಘಟಕಗಳು ಒತ್ತೊತ್ತಾಗಿರುವ ಒಂದೇ ನಗರದಲ್ಲಿ ಈ ವ್ಯತ್ಯಾಸ ಅಲ್ಪವಿರಬಹುದಾದರೂ, ಇಡೀ ರಾಜ್ಯಕ್ಕೆ ಒಂದೇ ಮಾರುಕಟ್ಟೆ ಮಾಡಹೊರಟರೆ ಅಲ್ಪವಾಗಿರಲಾರದು.

ಕರ್ನಾಟಕದ ಉದ್ಯಮಕ್ಕೆ ಈ ವಿಷಯ ಈಗ ದೂರದ್ದಲ್ಲ. ಕೇಂದ್ರ ಸರ್ಕಾರವು 2023ರಲ್ಲಿ ಇಂಗಾಲ ಜಮಾಪತ್ರಗಳ ವಹಿವಾಟಿನ ಯೋಜನೆಯನ್ನು ಪ್ರಕಟಿಸಿ, 2025ರ ಅಕ್ಟೋಬರಿನಲ್ಲಿ ಸಿಮೆಂಟ್, ಅಲ್ಯೂಮಿನಿಯಂ, ಕ್ಲೋರ್-ಆಲ್ಕಲಿ ಹಾಗೂ ಕಾಗದ ಉದ್ಯಮಗಳಿಗೆ ಗುರಿಗಳನ್ನು ವಿಧಿಸಿತು. ಗುರಿ ತಪ್ಪಿದವರು ಜಮಾಪತ್ರದ ಸರಾಸರಿ ಬೆಲೆಯ ಎರಡರಷ್ಟು ಪರಿಹಾರ ತೆರಬೇಕೆಂಬ ನಿಯಮ ಸೂರತ್‌ನದನ್ನೇ ನೆನಪಿಸುತ್ತದೆ. ವ್ಯತ್ಯಾಸವೂ ಇದೆ: ಸೂರತ್‌ನಲ್ಲಿ ಕಟ್ಟು ಬಿದ್ದುದು ಒಟ್ಟು ಟನ್ನುಗಳಿಗೆ, ಇಲ್ಲಿ ಕಟ್ಟು ಬೀಳುವುದು ಒಂದು ಟನ್ ಉತ್ಪನ್ನಕ್ಕೆ ಹೊರಬೀಳುವ ಅನಿಲಕ್ಕೆ. ಉತ್ಪಾದನೆ ಬೆಳೆದರೆ ಒಟ್ಟು ಅನಿಲವೂ ಬೆಳೆಯಬಹುದು. ಗುರಿಗಳು ಸಡಿಲವಾದರೆ ಏನಾಗುತ್ತದೆಂಬುದಕ್ಕೆ 2012ರಲ್ಲಿ ಆರಂಭವಾದ ಇಂಧನ ಉಳಿತಾಯ ಪ್ರಮಾಣಪತ್ರಗಳ ಯೋಜನೆ ಉದಾಹರಣೆಯಾಗಿದೆ. ಅದರ ಮೊದಲ ಸುತ್ತಿನಲ್ಲಿ ಕೊಳ್ಳುವವರಿಗಿಂತ ಮಾರುವವರ ಕೈಯಲ್ಲಿದ್ದ ಪತ್ರಗಳೇ ಹೆಚ್ಚಾಗಿ ಧಾರಣೆ ಕುಸಿಯಿತು.

ಕಲಬುರಗಿ ಜಿಲ್ಲೆಯ ಸುಣ್ಣಕಲ್ಲಿನ ಪಟ್ಟಿಯಲ್ಲಿರುವ ಸಿಮೆಂಟ್ ಕಾರ್ಖಾನೆಗಳ ಆಡಳಿತ ವರ್ಗವು ಒಂದು ಟನ್ ಅನಿಲವನ್ನು ತಗ್ಗಿಸಲು ತಮಗೆಷ್ಟು ತಗಲುತ್ತದೆಂಬ ಲೆಕ್ಕವನ್ನು ಪೇಟೆಯ ಧಾರಣೆಯೊಡನೆ ಹೋಲಿಸಿ ನೋಡಬೇಕಾಗುತ್ತದೆ. ಸೂರತ್‌ನ ಬಣ್ಣದ ಕಾರ್ಖಾನೆಗಳ ಮಾಲೀಕರು 2019ರಲ್ಲಿ ಮೊದಲ ಬಾರಿಗೆ ಕುಳಿತು ಮಾಡಿದ್ದೂ ಇಂತಹದೇ ಲೆಕ್ಕವನ್ನು.