ಪ್ರಾಚೀನ ಗ್ರೀಕ್ ಕಲೆ ಮತ್ತು ಸಂಸ್ಕೃತಿಯ ಪ್ರಭಾವ

ಪ್ರಾಚೀನ ಗ್ರೀಕರ ಶಿಲ್ಪ, ವಾಸ್ತು, ನಾಟಕ, ವಿಜ್ಞಾನ ಹಾಗೂ ರಾಜಕೀಯ ಚಿಂತನೆಗಳು ಅನಂತರದ ಕಾಲದ ಅನೇಕ ಜನಾಂಗಗಳ ಬದುಕಿನ ಮೇಲೆ ಆಳವಾದ ಪರಿಣಾಮ ಬೀರಿವೆ. ರೋಮ್, ಗಾಂಧಾರ, ಬಾಗ್ದಾದ್, ಫ್ಲಾರೆನ್ಸ್ ಮೊದಲಾದ ದೂರದೂರದ ಕೇಂದ್ರಗಳಲ್ಲಿ ಈ ಪ್ರಭಾವದ ಗುರುತುಗಳು ಕಾಣಸಿಗುತ್ತವೆ. ಗ್ರೀಕ್ ಪರಂಪರೆ ಮೂಲರೂಪದಲ್ಲಿಯೇ ಕೈಯಿಂದ ಕೈಗೆ ಸಾಗಿಬಂದುದಲ್ಲ. ಅದರ ಬಹುಭಾಗ ಪ್ರತಿಗಳು, ಅನುವಾದಗಳು ಮತ್ತು ರೂಪಾಂತರಗಳ ಮೂಲಕ ಉಳಿಯಿತು. ಅದನ್ನು ಸ್ವೀಕರಿಸಿದ ಪ್ರತಿಯೊಂದು ಕಾಲವೂ ತನ್ನ ಅಗತ್ಯಕ್ಕೆ ತಕ್ಕಂತೆ ಅದನ್ನು ಮಾರ್ಪಡಿಸಿಕೊಂಡಿತು. ಆದ್ದರಿಂದ ಈ ಪ್ರಭಾವದ ಇತಿಹಾಸವು ಗ್ರೀಕರದಾಗಿರುವಷ್ಟೇ ಅವರಿಂದ ಪಡೆದವರ ಇತಿಹಾಸವೂ ಆಗಿದೆ.

ಹಿನ್ನೆಲೆ

ಕ್ರಿ.ಪೂ. 5ನೆಯ ಶತಮಾನದಲ್ಲಿ ಅಥೆನ್ಸ್ ನಗರರಾಜ್ಯ ಕಲೆ ಮತ್ತು ಚಿಂತನೆಗಳ ಪ್ರಮುಖ ನೆಲೆಯಾಗಿತ್ತು. ಅಕ್ರೊಪೊಲಿಸ್ ಬೆಟ್ಟದ ಮೇಲಿರುವ ಪಾರ್ಥೆನಾನ್ ದೇವಾಲಯ ಕ್ರಿ.ಪೂ. 447ರಿಂದ 432ರ ಅವಧಿಯಲ್ಲಿ ನಿರ್ಮಾಣಗೊಂಡಿತು. ಇಕ್ಟಿನಸ್ ಮತ್ತು ಕ್ಯಾಲಿಕ್ರೇಟಿಸ್ ಇದರ ವಾಸ್ತುಶಿಲ್ಪಿಗಳು. ಶಿಲ್ಪಕಾರ್ಯ ಫಿಡಿಯಾಸನ ಮೇಲ್ವಿಚಾರಣೆಯಲ್ಲಿ ನಡೆಯಿತು. ಈಸ್ಕಿಲಸ್, ಸೊಫೊಕ್ಲೀಸ್, ಯೂರಿಪಿಡೀಸರ ನಾಟಕಗಳು ಪ್ರದರ್ಶನಗೊಂಡುದೂ, ಸಾಕ್ರಟೀಸನು ಜನರೊಡನೆ ಸಂವಾದ ನಡೆಸಿದುದೂ ಇದೇ ಶತಮಾನದಲ್ಲಿ.

ಗ್ರೀಕ್ ಕಟ್ಟಡಗಳಲ್ಲಿ ಮೂರು ಬಗೆಯ ಸ್ತಂಭಶೈಲಿಗಳನ್ನು ಗುರುತಿಸಲಾಗುತ್ತದೆ. ಡೋರಿಕ್ ಕಂಬ ದಪ್ಪನಾಗಿ, ಅಲಂಕಾರವಿಲ್ಲದೆ ಇರುತ್ತದೆ. ಅಯೋನಿಕ್ ಕಂಬದ ತಲೆಯ ಮೇಲೆ ಎರಡು ಸುರುಳಿಗಳಿರುತ್ತವೆ. ಕೊರಿಂಥಿಯನ್ ಕಂಬದ ಶಿರೋಭಾಗದಲ್ಲಿ ಎಲೆಗಳ ಕೆತ್ತನೆಯಿರುತ್ತದೆ. ಇಂದಿಗೂ ನ್ಯಾಯಾಲಯ, ವಸ್ತುಸಂಗ್ರಹಾಲಯ, ಬ್ಯಾಂಕು ಮುಂತಾದ ಕಟ್ಟಡಗಳಲ್ಲಿ ಈ ಮೂರು ಬಗೆಯ ಕಂಬಗಳನ್ನು ಕಾಣಬಹುದು.

ರೋಮನರು ಮತ್ತು ಪ್ರತಿಗಳು

ಕ್ರಿ.ಪೂ. 146ರಲ್ಲಿ ರೋಮನ್ ಸೇನೆ ಕೊರಿಂತ್ ನಗರವನ್ನು ನಾಶಮಾಡಿತು. ಸೋತ ಗ್ರೀಸಿನ ಕಲಾಕೃತಿಗಳು ಗೆದ್ದವರ ಪಾಲಾದವು. ಜೊತೆಗೆ ಗೆದ್ದವರ ಅಭಿರುಚಿಯೂ ಗ್ರೀಕ್‌ಮಯವಾಯಿತು. ಸಿರಿವಂತ ರೋಮನರ ಮನೆ, ತೋಟ ಮತ್ತು ಸ್ನಾನಗೃಹಗಳಿಗಾಗಿ ಪ್ರಸಿದ್ಧ ಗ್ರೀಕ್ ಶಿಲ್ಪಗಳ ಅಮೃತಶಿಲೆಯ ಪ್ರತಿಗಳು ದೊಡ್ಡ ಸಂಖ್ಯೆಯಲ್ಲಿ ತಯಾರಾದವು.

ಗ್ರೀಕರು ತಮ್ಮ ಶ್ರೇಷ್ಠ ಪ್ರತಿಮೆಗಳಲ್ಲಿ ಹಲವನ್ನು ಕಂಚಿನಲ್ಲಿ ಎರಕಹೊಯ್ದಿದ್ದರು. ಕಂಚು ಬೆಲೆಯುಳ್ಳ ಲೋಹವಾದ್ದರಿಂದ ಮುಂದಿನ ಶತಮಾನಗಳಲ್ಲಿ ಅವುಗಳಲ್ಲಿ ಬಹುಪಾಲು ಕರಗಿಹೋದವು. ಮೈರನ್‌ನ ಚಕ್ರ ಎಸೆಯುವವನಾಗಲಿ, ಪಾಲಿಕ್ಲೀಟಸ್‌ನ ಭಲ್ಲೆ ಹಿಡಿದವನಾಗಲಿ ಮೂಲದಲ್ಲಿ ಉಳಿದಿಲ್ಲ. ಇಂದು ಪಠ್ಯಪುಸ್ತಕಗಳಲ್ಲಿ ಕಾಣುವ ಅವುಗಳ ಚಿತ್ರಗಳು ರೋಮನ್ ಪ್ರತಿಗಳವು. ಸಮುದ್ರದ ತಳದಲ್ಲಿ ಉಳಿದುಕೊಂಡಿದ್ದ ಕೆಲವು ಮೂಲ ಕಂಚಿನ ಪ್ರತಿಮೆಗಳು ಇದಕ್ಕೆ ಅಪವಾದ. 1972ರಲ್ಲಿ ದಕ್ಷಿಣ ಇಟಲಿಯ ರಿಯಾಚೆ ಬಳಿ ಕಡಲಿನಲ್ಲಿ ದೊರೆತ ಇಬ್ಬರು ಯೋಧರ ಪ್ರತಿಮೆಗಳು ಅವುಗಳಲ್ಲಿ ಪ್ರಸಿದ್ಧವಾದುವು.

ರೋಮನರು ಕೇವಲ ನಕಲು ಮಾಡಿದವರಲ್ಲ. ಚಕ್ರವರ್ತಿ ಅಗಸ್ಟಸ್‌ನ ಪ್ರೀಮಾ ಪೋರ್ಟಾ ಪ್ರತಿಮೆಯ ನಿಲುವಿನಲ್ಲಿ ಪಾಲಿಕ್ಲೀಟಸ್‌ನ ಕೃತಿಯ ಛಾಯೆ ಇದ್ದರೂ, ಅದರ ಉದ್ದೇಶ ಸಾಮ್ರಾಜ್ಯದ ಪ್ರಚಾರ. ಕ್ರಿ.ಪೂ. 1ನೆಯ ಶತಮಾನದ ವಿಟ್ರೂವಿಯಸ್ ತನ್ನ ವಾಸ್ತುಗ್ರಂಥದಲ್ಲಿ ಗ್ರೀಕ್ ಸ್ತಂಭಶೈಲಿಗಳ ಅಳತೆಗಳನ್ನು ವಿವರಿಸಿದನು. ಯೂರೋಪಿನ ವಾಸ್ತುಶಿಲ್ಪಿಗಳು ಬಹುಕಾಲ ಗ್ರೀಕ್ ಪದ್ಧತಿಯನ್ನು ಕಲಿತದ್ದು ಈ ಲ್ಯಾಟಿನ್ ಗ್ರಂಥದಿಂದಲೇ.

ಬ್ಯಾಕ್ಟ್ರಿಯ, ಗಾಂಧಾರ ಮತ್ತು ಭಾರತ

ಅಲೆಕ್ಸಾಂಡರನ ದಂಡಯಾತ್ರೆ (ಕ್ರಿ.ಪೂ. 334–323) ಗ್ರೀಕ್ ಸಂಸ್ಕೃತಿಯನ್ನು ಪೂರ್ವಕ್ಕೆ ಕೊಂಡೊಯ್ದಿತು. ಅಫ್ಘಾನಿಸ್ತಾನದ ಐ ಖಾನುಂನಲ್ಲಿ 1964ರಿಂದ 1978ರವರೆಗೆ ಫ್ರೆಂಚ್ ಪುರಾತತ್ತ್ವಜ್ಞರು ನಡೆಸಿದ ಉತ್ಖನನದಲ್ಲಿ ರಂಗಮಂದಿರ ಮತ್ತು ವ್ಯಾಯಾಮಶಾಲೆಗಳಿದ್ದ ಗ್ರೀಕ್ ನಗರವೊಂದು ಬೆಳಕಿಗೆ ಬಂದಿತು. ಕಂದಹಾರದಲ್ಲಿ ಅಶೋಕನ ಶಾಸನಗಳು ಗ್ರೀಕ್ ಭಾಷೆಯಲ್ಲಿ ದೊರೆತಿವೆ. ಅವುಗಳಲ್ಲಿ ಧರ್ಮ ಎಂಬ ಅರ್ಥಕ್ಕೆ, ಭಕ್ತಿಯನ್ನು ಸೂಚಿಸುವ 'ಯೂಸೆಬೆಯ' ಎಂಬ ಗ್ರೀಕ್ ಪದ ಬಳಕೆಯಾಗಿದೆ. ಮಧ್ಯಪ್ರದೇಶದ ವಿದಿಶಾ ಬಳಿಯ ಬೆಸನಗರದಲ್ಲಿ ತಕ್ಷಶಿಲೆಯ ಗ್ರೀಕ್ ರಾಯಭಾರಿ ಹೆಲಿಯೊಡೋರಸ್ ಕ್ರಿ.ಪೂ. 2ನೆಯ ಶತಮಾನದಲ್ಲಿ ವಾಸುದೇವನ ಗೌರವಾರ್ಥ ಗರುಡಸ್ತಂಭವನ್ನು ನಿಲ್ಲಿಸಿದನು. ಪ್ರಭಾವ ಒಂದೇ ದಿಕ್ಕಿನಲ್ಲಿ ಹರಿಯಲಿಲ್ಲ ಎಂಬುದಕ್ಕೆ ಈ ಸ್ತಂಭ ಸಾಕ್ಷಿಯಾಗಿದೆ.

ಕ್ರಿಸ್ತಶಕದ ಆರಂಭದ ಶತಮಾನಗಳಲ್ಲಿ ಕುಷಾಣರ ಆಳ್ವಿಕೆಯಲ್ಲಿ ಗಾಂಧಾರ ಶಿಲ್ಪಶೈಲಿ ಬೆಳೆಯಿತು. ಅಲೆಅಲೆಯಾದ ಕೂದಲು, ಮಡಿಕೆಮಡಿಕೆಯಾಗಿ ಇಳಿಬಿದ್ದ ಹೊದಿಕೆ ಹಾಗೂ ಒಂದು ಕಾಲಿನ ಮೇಲೆ ಭಾರವಿಟ್ಟ ನಿಲುವು ಇಲ್ಲಿನ ಬುದ್ಧಪ್ರತಿಮೆಗಳಲ್ಲಿ ಕಾಣುವ ಗ್ರೀಕ್-ರೋಮನ್ ಅಂಶಗಳು. ಬುದ್ಧನ ಪಕ್ಕದಲ್ಲಿ ನಿಲ್ಲುವ ವಜ್ರಪಾಣಿ ಕೆಲವೆಡೆ ಗ್ರೀಕ್ ವೀರ ಹೆರಾಕ್ಲೀಸನ ರೂಪದಲ್ಲಿದ್ದಾನೆ. ಬುದ್ಧನ ಮಾನವಾಕೃತಿಯ ಪ್ರತಿಮೆ ಹುಟ್ಟಿದ್ದೇ ಗ್ರೀಕ್ ಪ್ರಭಾವದಿಂದ ಎಂದು ಫ್ರೆಂಚ್ ವಿದ್ವಾಂಸ ಆಲ್‌ಫ್ರೆಡ್ ಫೂಶೆ ವಾದಿಸಿದರು. ಆನಂದ ಕುಮಾರಸ್ವಾಮಿಯವರು 1927ರಲ್ಲಿ ಇದನ್ನು ವಿರೋಧಿಸಿ, ಮಥುರೆಯ ಶಿಲ್ಪಿಗಳು ಯಕ್ಷಮೂರ್ತಿಗಳ ದೇಶೀಯ ಪರಂಪರೆಯಿಂದ ಬುದ್ಧಪ್ರತಿಮೆಯನ್ನು ಸ್ವತಂತ್ರವಾಗಿ ರೂಪಿಸಿದರೆಂದು ಪ್ರತಿಪಾದಿಸಿದರು. ಶೈಲಿಯನ್ನು ಎರವಲು ಪಡೆಯುವುದು ಬೇರೆ, ಕಲ್ಪನೆಯನ್ನು ಎರವಲು ಪಡೆಯುವುದು ಬೇರೆ ಎಂಬ ವಿವೇಚನೆ ಈ ಚರ್ಚೆಯಿಂದ ಸ್ಪಷ್ಟವಾಯಿತು.

ಭಾರತೀಯ ಜ್ಯೋತಿಷದಲ್ಲಿ ಗ್ರೀಕ್ ಮೂಲದ ಪದಗಳು ಇಂದಿಗೂ ಉಳಿದಿವೆ. 'ಹೋರಾ' ಎಂಬುದು 'ಹೋರ' ಎಂಬ ಗ್ರೀಕ್ ಪದದಿಂದಲೂ, 'ಕೇಂದ್ರ' ಎಂಬುದು 'ಕೆಂಟ್ರೋನ್' ಎಂಬುದರಿಂದಲೂ, 'ದ್ರೇಕ್ಕಾಣ' ಎಂಬುದು 'ಡೆಕಾನೋಸ್' ಎಂಬುದರಿಂದಲೂ ಬಂದಿವೆ. ವರಾಹಮಿಹಿರನ ಕೃತಿಗಳಲ್ಲಿ ಇಂತಹ ಪದಗಳು ಹೇರಳವಾಗಿವೆ. 'ಕೇಂದ್ರ ಸರ್ಕಾರ', 'ಆರೋಗ್ಯ ಕೇಂದ್ರ' ಎನ್ನುವಾಗ ಕನ್ನಡಿಗರು ನಿತ್ಯವೂ ಬಳಸುವುದು ಸಂಸ್ಕೃತದ ಮೂಲಕ ಬಂದ ಈ ಗ್ರೀಕ್ ಪದವನ್ನೇ. ದಖ್ಖನಿನ ಶಾಸನಗಳಲ್ಲಿ ಬರುವ 'ದ್ರಮ್ಮ' ಎಂಬ ನಾಣ್ಯದ ಹೆಸರು ಗ್ರೀಕರ 'ದ್ರಾಕ್ಮ'ದಿಂದ ಬಂದುದು.

ಅರಬ್ಬೀ ಅನುವಾದಗಳು

ಪಶ್ಚಿಮ ಯೂರೋಪಿನಲ್ಲಿ ಗ್ರೀಕ್ ಭಾಷೆಯ ಜ್ಞಾನ ಕ್ಷೀಣಿಸಿದ್ದ ಕಾಲದಲ್ಲಿ ಬೈಜಾಂಟೈನ್ ಸಾಮ್ರಾಜ್ಯವು ಮೂಲಗ್ರಂಥಗಳನ್ನು ಕಾಪಾಡಿತು. ಅಬ್ಬಾಸಿದ್ ಖಲೀಫರ ಬಾಗ್ದಾದಿನಲ್ಲಿ 8ರಿಂದ 10ನೆಯ ಶತಮಾನದವರೆಗೆ ಅನುವಾದಕಾರ್ಯ ಭರದಿಂದ ಸಾಗಿತು. ಹುನೈನ್ ಇಬ್ನ್ ಇಸ್‌ಹಾಕ್ (809–873) ಗೇಲನ್‌ನ ವೈದ್ಯಗ್ರಂಥಗಳನ್ನು ಸಿರಿಯಾಕ್ ಮತ್ತು ಅರಬ್ಬೀ ಭಾಷೆಗಳಿಗೆ ತಂದನು. ಯೂಕ್ಲಿಡ್, ಟಾಲೆಮಿ, ಅರಿಸ್ಟಾಟಲರ ಕೃತಿಗಳೂ ಅರಬ್ಬೀಗೆ ಬಂದವು. ಟಾಲೆಮಿಯ ಖಗೋಳಗ್ರಂಥ ಇಂದಿಗೂ 'ಆಲ್ಮಜೆಸ್ಟ್' ಎಂಬ ಅರಬ್ಬೀ ಪ್ರಭಾವದ ಹೆಸರಿನಿಂದಲೇ ಪ್ರಸಿದ್ಧವಾಗಿದೆ.

12ನೆಯ ಶತಮಾನದಲ್ಲಿ ಸ್ಪೇನಿನ ತೊಲೆದೊ ನಗರದಲ್ಲಿ ಕ್ರೆಮೋನಾದ ಜೆರಾರ್ಡ್ ಮೊದಲಾದವರು ಅರಬ್ಬೀ ಗ್ರಂಥಗಳನ್ನು ಲ್ಯಾಟಿನ್‌ಗೆ ಅನುವಾದಿಸಿದರು. ಹೀಗೆ ಗ್ರೀಕ್ ವಿಜ್ಞಾನದ ಗಣನೀಯ ಭಾಗ ಪಶ್ಚಿಮ ಯೂರೋಪನ್ನು ತಲುಪಿದ್ದು ಬಾಗ್ದಾದಿನ ದಾರಿಯಾಗಿ. ಅನುವಾದಕರ ಜೊತೆಗೆ ಇಬ್ನ್ ಸೀನಾ, ಇಬ್ನ್ ರುಷ್ದ್ ಮುಂತಾದ ಚಿಂತಕರ ವ್ಯಾಖ್ಯಾನ ಮತ್ತು ಸ್ವಂತ ವಿಚಾರಗಳೂ ಅಲ್ಲಿಗೆ ಹೋದವು.

ಪುನರುಜ್ಜೀವನ ಕಾಲ

1397ರಲ್ಲಿ ಬೈಜಾಂಟೈನ್ ವಿದ್ವಾಂಸ ಮ್ಯಾನುಯೆಲ್ ಕ್ರೈಸೊಲೊರಾಸ್ ಫ್ಲಾರೆನ್ಸಿನಲ್ಲಿ ಗ್ರೀಕ್ ಬೋಧನೆಯನ್ನು ಆರಂಭಿಸಿದನು. 1453ರಲ್ಲಿ ಕಾನ್‌ಸ್ಟಾಂಟಿನೋಪಲ್ ಆಟೊಮನ್ ತುರ್ಕರ ವಶವಾಗುವ ಮುನ್ನವೇ ಇಟಲಿಯಲ್ಲಿ ಗ್ರೀಕ್ ಅಧ್ಯಯನ ಬೇರೂರಿತ್ತು. ಆ ನಗರದ ಪತನದ ಬಳಿಕ ಬಂದ ವಿದ್ವಾಂಸರಿಂದ ಅದು ಮತ್ತಷ್ಟು ಬಲಗೊಂಡಿತು. ವೆನಿಸ್ಸಿನ ಆಲ್ಡಸ್ ಮ್ಯಾನುಶಿಯಸ್ 1495–98ರಲ್ಲಿ ಅರಿಸ್ಟಾಟಲನ ಕೃತಿಗಳನ್ನು ಗ್ರೀಕ್ ಭಾಷೆಯಲ್ಲಿಯೇ ಮುದ್ರಿಸಿದನು.

1506ರಲ್ಲಿ ರೋಮಿನ ದ್ರಾಕ್ಷಿತೋಟವೊಂದರಲ್ಲಿ ಲಾವೊಕೂನ್ ಶಿಲ್ಪಸಮೂಹ ದೊರೆಯಿತು. ಹಾವುಗಳ ಬಿಗಿತಕ್ಕೆ ಸಿಕ್ಕಿ ನರಳುವ ತಂದೆ ಮತ್ತು ಮಕ್ಕಳ ಈ ಶಿಲ್ಪವನ್ನು ಮೈಕೆಲ್ಯಾಂಜೆಲೊ ಕೂಡಲೇ ಹೋಗಿ ನೋಡಿದನು. ಅವನ ಕೃತಿಗಳಲ್ಲಿನ ತಿರುಚಿದ ದೇಹಭಂಗಿಗಳಲ್ಲಿ ಇದರ ಪ್ರಭಾವವನ್ನು ಕಲಾವಿಮರ್ಶಕರು ಗುರುತಿಸಿದ್ದಾರೆ. ರಾಫೆಲ್‌ನು 1509–11ರ ಅವಧಿಯಲ್ಲಿ ವ್ಯಾಟಿಕನ್‌ನ ಗೋಡೆಯ ಮೇಲೆ ರಚಿಸಿದ 'ಅಥೆನ್ಸಿನ ಶಾಲೆ' ಚಿತ್ರದ ನಡುವೆ ಪ್ಲೇಟೊ ಮತ್ತು ಅರಿಸ್ಟಾಟಲರು ನಿಂತಿದ್ದಾರೆ; ಅದೇ ಚಿತ್ರದಲ್ಲಿ ಇಬ್ನ್ ರುಷ್ದ್‌ಗೂ ಸ್ಥಾನವಿದೆ ಎಂದು ಸಾಮಾನ್ಯವಾಗಿ ಗುರುತಿಸಲಾಗುತ್ತದೆ.

ನಕಲು ಮಾಡಲು ಹೊರಟು ಹೊಸದನ್ನು ಸೃಷ್ಟಿಸಿದ ನಿದರ್ಶನವೂ ಈ ಕಾಲದಲ್ಲಿದೆ. ಗ್ರೀಕ್ ರುದ್ರನಾಟಕಗಳನ್ನು ಹಾಡಿನ ರೂಪದಲ್ಲಿಯೇ ಅಭಿನಯಿಸುತ್ತಿದ್ದರೆಂದು ಭಾವಿಸಿದ ಫ್ಲಾರೆನ್ಸಿನ ವಿದ್ವಾಂಸರು ಮತ್ತು ಸಂಗೀತಗಾರರು ಅದನ್ನು ಮತ್ತೆ ಬಳಕೆಗೆ ತರಲು ಯತ್ನಿಸಿದರು. ಆ ಪ್ರಯತ್ನದಿಂದ ಹುಟ್ಟಿದ್ದು ಒಪೆರಾ. ಮಾಂಟೆವೆರ್ಡಿಯ 'ಆರ್ಫಿಯೊ' (1607) ಅದರ ಆರಂಭಕಾಲದ ಶ್ರೇಷ್ಠ ಕೃತಿ.

ಬಿಳಿಯ ಶಿಲ್ಪಗಳ ಕಲ್ಪನೆ

18ನೆಯ ಶತಮಾನದಲ್ಲಿ ಜರ್ಮನ್ ವಿದ್ವಾಂಸ ವಿಂಕೆಲ್‌ಮನ್ 1764ರಲ್ಲಿ ಪ್ರಾಚೀನ ಕಲೆಯ ಇತಿಹಾಸವನ್ನು ಪ್ರಕಟಿಸಿ ಗ್ರೀಕ್ ಶಿಲ್ಪವನ್ನು ಸೌಂದರ್ಯದ ಪರಮಾದರ್ಶವೆಂದು ಸಾರಿದನು. ಅವನು ಗ್ರೀಸಿಗೆ ಎಂದೂ ಹೋಗಿರಲಿಲ್ಲ. ಅವನ ಅಧ್ಯಯನ ಹೆಚ್ಚಾಗಿ ಇಟಲಿಯಲ್ಲಿದ್ದ ರೋಮನ್ ಪ್ರತಿಗಳನ್ನು ಅವಲಂಬಿಸಿತ್ತು. ಈ ಚಿಂತನೆಯ ನೆರಳಿನಲ್ಲಿ ಬೆಳೆದ ನವಶಾಸ್ತ್ರೀಯ ಶೈಲಿ ಯೂರೋಪ್ ಮತ್ತು ಅಮೆರಿಕಗಳಲ್ಲಿ ವ್ಯಾಪಿಸಿತು. ಬರ್ಲಿನ್ನಿನ ಬ್ರಾಂಡೆನ್‌ಬರ್ಗ್ ದ್ವಾರ (1788–91) ಅಕ್ರೊಪೊಲಿಸ್ಸಿನ ಮಹಾದ್ವಾರವನ್ನು ಮಾದರಿಯಾಗಿಟ್ಟುಕೊಂಡಿತು. ವಸಾಹತು ಆಡಳಿತದೊಡನೆ ಈ ಶೈಲಿ ಭಾರತಕ್ಕೂ ಬಂದಿತು. ಇಂದು ಕರ್ನಾಟಕ ಉಚ್ಚ ನ್ಯಾಯಾಲಯವಿರುವ ಬೆಂಗಳೂರಿನ ಅಠಾರ ಕಚೇರಿಯ ಅಯೋನಿಕ್ ಕಂಬಗಳ ಮುಖಮಂಟಪಗಳು ಇದೇ ಪರಂಪರೆಗೆ ಸೇರಿದವು.

ಬಿಳಿಯ ಅಮೃತಶಿಲೆಯೇ ಗ್ರೀಕ್ ಕಲೆಯ ಲಕ್ಷಣ ಎಂಬ ನಂಬಿಕೆ ಈ ಕಾಲದಲ್ಲಿ ಗಟ್ಟಿಯಾಯಿತು. ವಾಸ್ತವದಲ್ಲಿ ಗ್ರೀಕರು ತಮ್ಮ ಶಿಲ್ಪಗಳಿಗೂ ದೇವಾಲಯಗಳ ಭಾಗಗಳಿಗೂ ಕೆಂಪು, ನೀಲಿ, ಹಳದಿ ಮುಂತಾದ ಬಣ್ಣಗಳನ್ನು ಬಳಿಯುತ್ತಿದ್ದರು. ಮಳೆ, ಗಾಳಿ ಮತ್ತು ಮಣ್ಣಿನಿಂದಾಗಿ ಬಣ್ಣ ಅಳಿದುಹೋಗಿತ್ತು. ಈ ತಪ್ಪುಕಲ್ಪನೆಯ ಪರಿಣಾಮ ಪುಸ್ತಕಗಳಿಗಷ್ಟೇ ಸೀಮಿತವಾಗಲಿಲ್ಲ. 1937–38ರಲ್ಲಿ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿ ಪಾರ್ಥೆನಾನ್ ಶಿಲ್ಪಗಳನ್ನು ಹೆಚ್ಚು ಬಿಳಿಯಾಗಿ ಕಾಣಿಸುವ ಸಲುವಾಗಿ ಲೋಹದ ಉಪಕರಣಗಳಿಂದ ಉಜ್ಜಲಾಯಿತು. ಇದರಿಂದ ಕೆಲವು ಶಿಲ್ಪಗಳ ಪ್ರಾಚೀನ ಮೇಲ್ಮೈ ಶಾಶ್ವತವಾಗಿ ಹಾಳಾಯಿತು. ಹಾಗಿದ್ದೂ 2009ರಲ್ಲಿ ಅದೇ ಸಂಗ್ರಹಾಲಯದ ವಿಜ್ಞಾನಿಗಳು ಈ ಶಿಲ್ಪಗಳಲ್ಲಿ 'ಈಜಿಪ್ಟಿನ ನೀಲಿ' ಎಂಬ ಬಣ್ಣದ ಕಣಗಳನ್ನು ಪತ್ತೆಹಚ್ಚಿದರು.

ನಾಟಕ ಸಾಹಿತ್ಯ

ಸೊಫೊಕ್ಲೀಸನು ನೂರಕ್ಕೂ ಹೆಚ್ಚು ನಾಟಕಗಳನ್ನು ಬರೆದನೆಂದು ತಿಳಿದುಬಂದಿದ್ದರೂ ಪೂರ್ಣವಾಗಿ ಉಳಿದಿರುವುವು 7 ಮಾತ್ರ. ಅವುಗಳಲ್ಲಿ 'ಆಂಟಿಗೊನಿ' ಅಧಿಕಾರಕ್ಕೂ ಅಂತಃಸಾಕ್ಷಿಗೂ ನಡುವಣ ಸಂಘರ್ಷದ ಸಂಕೇತವಾಗಿ ಮತ್ತೆ ಮತ್ತೆ ರಂಗವೇರಿದೆ. ಜರ್ಮನ್ ಸೇನೆಯ ಹಿಡಿತದಲ್ಲಿದ್ದ ಪ್ಯಾರಿಸ್ಸಿನಲ್ಲಿ 1944ರಲ್ಲಿ ಝಾನ್ ಅನೂಯಿಯ ರೂಪಾಂತರ ಪ್ರದರ್ಶನಗೊಂಡಿತು. ದಕ್ಷಿಣ ಆಫ್ರಿಕದ ರಾಬೆನ್ ದ್ವೀಪದ ಸೆರೆಮನೆಯಲ್ಲಿ ಕೈದಿಗಳು ಈ ನಾಟಕವನ್ನು ಆಡಿದಾಗ ನೆಲ್ಸನ್ ಮಂಡೇಲಾ ಕ್ರಿಯಾನ್ ದೊರೆಯ ಪಾತ್ರವನ್ನು ವಹಿಸಿದ್ದರು.

ಕನ್ನಡದಲ್ಲಿ ಗ್ರೀಕ್ ನಾಟಕವನ್ನು ಪರಿಚಯಿಸಿದವರಲ್ಲಿ ಬಿ.ಎಂ.ಶ್ರೀಕಂಠಯ್ಯನವರು ಪ್ರಮುಖರು. ಅವರ 'ಅಶ್ವತ್ಥಾಮನ್' (1929) ಸೊಫೊಕ್ಲೀಸನ 'ಅಯಾಸ್' ನಾಟಕದ ರೂಪಾಂತರ. 'ಪಾರಸಿಕರು' (1935) ಈಸ್ಕಿಲಸನ ನಾಟಕದ ಅನುವಾದ. ಅವಮಾನದಿಂದ ಕುದಿದು ಬುದ್ಧಿಭ್ರಮೆಗೊಳ್ಳುವ ಗ್ರೀಕ್ ವೀರನ ಸ್ಥಾನದಲ್ಲಿ ಅವರು ಮಹಾಭಾರತದ ಅಶ್ವತ್ಥಾಮನನ್ನು ನಿಲ್ಲಿಸಿದರು. ಪುರಾಣದಲ್ಲಿ ಚಿರಂಜೀವಿಯೆನಿಸಿದ ಅಶ್ವತ್ಥಾಮ ಈ ನಾಟಕದಲ್ಲಿ ಸಾವನ್ನಪ್ಪುತ್ತಾನೆ. ಗ್ರೀಕ್ ರುದ್ರದೃಷ್ಟಿಗಾಗಿ ಭಾರತೀಯ ಕಥೆಯೊಂದು ತನ್ನ ಅಂತ್ಯವನ್ನೇ ಬದಲಿಸಿಕೊಂಡ ಅಪರೂಪದ ಸಂದರ್ಭವಿದು. ಮುಂದೆ ಪಿ.ಲಂಕೇಶರು ಸೊಫೊಕ್ಲೀಸನ ಈಡಿಪಸ್ ಮತ್ತು ಆಂಟಿಗೊನಿ ನಾಟಕಗಳನ್ನು ಆಧುನಿಕ ಕನ್ನಡಕ್ಕೆ ತಂದರು.

ಪ್ರಜಾಪ್ರಭುತ್ವ ಮತ್ತು ಕ್ರೀಡೆ

ಅಥೆನ್ಸಿನಲ್ಲಿ ಕ್ರಿ.ಪೂ. 508–507ರಲ್ಲಿ ಕ್ಲೈಸ್ತನೀಸ್ ತಂದ ಸುಧಾರಣೆಗಳು ಪ್ರಜಾಪ್ರಭುತ್ವಕ್ಕೆ ತಳಹದಿಯಾದವು. ಅಲ್ಲಿ ನಾಗರಿಕರೇ ಸಭೆ ಸೇರಿ ನಿರ್ಣಯ ಕೈಗೊಳ್ಳುತ್ತಿದ್ದರು. ಹಲವು ಹುದ್ದೆಗಳಿಗೆ ಚೀಟಿ ಎತ್ತಿ ಆಯ್ಕೆ ಮಾಡಲಾಗುತ್ತಿತ್ತು. ಆದರೆ ಸ್ತ್ರೀಯರು, ಗುಲಾಮರು ಮತ್ತು ಹೊರಗಿನಿಂದ ಬಂದು ನೆಲಸಿದವರಿಗೆ ಇದರಲ್ಲಿ ಪಾಲಿರಲಿಲ್ಲ. ಆಧುನಿಕ ರಾಷ್ಟ್ರಗಳು ಪ್ರಾತಿನಿಧಿಕ ವ್ಯವಸ್ಥೆಯನ್ನೂ ಸಾರ್ವತ್ರಿಕ ಮತದಾನವನ್ನೂ ತಮ್ಮದೇ ಹೋರಾಟಗಳ ಮೂಲಕ ರೂಪಿಸಿಕೊಂಡವು.

ಒಲಿಂಪಿಕ್ ಕ್ರೀಡೆಗಳು 1896ರಲ್ಲಿ ಅಥೆನ್ಸಿನಲ್ಲಿ ಪುನರಾರಂಭಗೊಂಡವು. ಮ್ಯಾರಥಾನ್ ಓಟ ಪ್ರಾಚೀನ ಕ್ರೀಡಾಕೂಟದಲ್ಲಿ ಇರಲಿಲ್ಲ. ಗ್ರೀಕ್ ದಂತಕಥೆಯ ಸ್ಫೂರ್ತಿಯಿಂದ ಅದನ್ನು 1896ರಲ್ಲಿ ಹೊಸದಾಗಿ ಸೇರಿಸಲಾಯಿತು. ಜ್ಯೋತಿಯನ್ನು ಓಟದ ಮೂಲಕ ಕ್ರೀಡಾಂಗಣಕ್ಕೆ ತರುವ ಪದ್ಧತಿ 1936ರ ಬರ್ಲಿನ್ ಕ್ರೀಡಾಕೂಟದಲ್ಲಿ ಆರಂಭವಾಯಿತು.

ಪಾರ್ಥೆನಾನ್ ಶಿಲ್ಪಗಳ ಒಡೆತನದ ವಿವಾದ

ಪಾರ್ಥೆನಾನ್ ಕಾಲಾನುಕ್ರಮದಲ್ಲಿ ಚರ್ಚ್ ಆಗಿಯೂ ಮಸೀದಿಯಾಗಿಯೂ ಬಳಕೆಯಾಯಿತು. 1687ರಲ್ಲಿ ವೆನಿಸ್ ಸೇನೆಯ ಫಿರಂಗಿ ದಾಳಿಯಿಂದ ಅಲ್ಲಿ ಕೂಡಿಟ್ಟಿದ್ದ ಸಿಡಿಮದ್ದು ಸ್ಫೋಟಗೊಂಡು ಕಟ್ಟಡ ಭಗ್ನವಾಯಿತು. ಗ್ರೀಸ್ ಆಟೊಮನ್ ಆಳ್ವಿಕೆಯಲ್ಲಿದ್ದಾಗ ಬ್ರಿಟಿಷ್ ರಾಯಭಾರಿ ಲಾರ್ಡ್ ಎಲ್ಗಿನ್‌ನ ಜನರು 1801ರಿಂದ ಶಿಲ್ಪಗಳನ್ನು ಕಳಚಿ ಸಾಗಿಸತೊಡಗಿದರು. 1816ರಲ್ಲಿ ಬ್ರಿಟಿಷ್ ಸರ್ಕಾರ ಅವುಗಳನ್ನು 35,000 ಪೌಂಡುಗಳಿಗೆ ಕೊಂಡು ಬ್ರಿಟಿಷ್ ಮ್ಯೂಸಿಯಂಗೆ ಒಪ್ಪಿಸಿತು. ಉಳಿದಿರುವ ಶಿಲ್ಪಗಳಲ್ಲಿ ಸುಮಾರು ಅರ್ಧದಷ್ಟು ಇಂದು ಲಂಡನ್ನಿನಲ್ಲಿವೆ.

ಆಟೊಮನ್ ಅಧಿಕಾರಿಗಳ ಅನುಮತಿಯಿಂದಲೇ ಅವುಗಳನ್ನು ಪಡೆಯಲಾಗಿದೆ, ವಿವಿಧ ಸಂಸ್ಕೃತಿಗಳ ಕೃತಿಗಳ ನಡುವೆ ಅವುಗಳನ್ನು ನೋಡುವ ಅವಕಾಶ ಅಲ್ಲಿದೆ ಎಂಬುದು ಬ್ರಿಟಿಷ್ ಮ್ಯೂಸಿಯಂನ ವಾದ. ಪರಕೀಯ ಆಡಳಿತ ನೀಡಿದ ಅನುಮತಿ ಸಿಂಧುವಲ್ಲ, ಒಂದೇ ಕಟ್ಟಡದ ಅಂಗಗಳನ್ನು ಬೇರ್ಪಡಿಸಿ ಇಡುವುದು ಸರಿಯಲ್ಲ ಎಂಬುದು ಗ್ರೀಸ್‌ನ ವಾದ. 1980ರ ದಶಕದಲ್ಲಿ ಸಂಸ್ಕೃತಿ ಸಚಿವೆ ಮೆಲಿನಾ ಮೆರ್ಕೂರಿ ಈ ಬೇಡಿಕೆಗೆ ಅಂತಾರಾಷ್ಟ್ರೀಯ ಗಮನ ಸೆಳೆದರು. 2009ರಲ್ಲಿ ಅಕ್ರೊಪೊಲಿಸ್ ಬೆಟ್ಟದ ಬುಡದಲ್ಲಿ ತೆರೆದ ಹೊಸ ವಸ್ತುಸಂಗ್ರಹಾಲಯದಲ್ಲಿ ಲಂಡನ್ನಿನಲ್ಲಿರುವ ಶಿಲ್ಪಪಟ್ಟಿಕೆಗಳ ಸ್ಥಾನದಲ್ಲಿ ಗಾರೆಯಚ್ಚಿನ ಪ್ರತಿಗಳನ್ನು ಇರಿಸಲಾಗಿದೆ. ಮೂಲ ಶಿಲೆಯ ಮಾಸಿದ ಕಂದು ಛಾಯೆಯ ಪಕ್ಕದಲ್ಲಿ ಈ ಪ್ರತಿಗಳ ಬಿಳುಪು ಎದ್ದು ಕಾಣುತ್ತದೆ. ವ್ಯಾಟಿಕನ್ ತನ್ನಲ್ಲಿದ್ದ 3 ತುಣುಕುಗಳನ್ನು 2023ರಲ್ಲಿ ಅಥೆನ್ಸಿಗೆ ಹಿಂದಿರುಗಿಸಿತು.